ಕಡಲ ತಳದ ಬಟ್ಟಲು, ಏಳು ಗೆರೆಯ ಹಕ್ಕಿ

ಶುರು ಮಾಡುವ ಮೊದಲೇ ಒಂದು ಮಾತು. ಈ ವಿಡಿಯೋದಲ್ಲಿ ಅಲ್ಲಲ್ಲಿ ಬಟ್ಟಲಿಗಿಂತ ನನ್ನ ಮುಖವೇ ಜಾಸ್ತಿ ಕಾಣಿಸುತ್ತದೆ. ಬೇಕಂತ ಮಾಡಿದ್ದಲ್ಲ. ಗಾಜಿನ ಪೆಟ್ಟಿಗೆ ಮುಂದೆ ಶೂಟ್ ಮಾಡುವಾಗ ಕಪ್ಪು ಬಟ್ಟೆ ಹಾಕಿಕೊಳ್ಳಬೇಕು ಅನ್ನುವ ಬುದ್ಧಿ ಮನೆಗೆ ಬಂದು ಫೂಟೇಜ್ ನೋಡಿದ ಮೇಲೆ ಬಂತು. ನಾನು ಹಾಕಿದ್ದು ಹಳದಿ ಟೀ ಶರ್ಟು. ಹಾಗಾಗಿ ಕಾಣದ್ದನ್ನೆಲ್ಲ ಬಾಯಲ್ಲೇ ಹೇಳುತ್ತೇನೆ. ಸ್ವಲ್ಪ ಹೊಂದಿಸಿಕೊಳ್ಳಿ.

ಇದು ಸಿಂಗಪುರ. ಹಿಂದೆ ನದಿ ಸಮುದ್ರ ಸೇರುತ್ತಿದ್ದ ಜಾಗದ ಹತ್ತಿರ ಕಾಣುತ್ತಿರುವ ಈ ಬಿಳಿ ಕಟ್ಟಡ ಬ್ರಿಟಿಷರ ಕಾಲದ ಸರ್ಕಾರಿ ಕಚೇರಿ. ಈಗ ಇದು ಏಷ್ಯನ್ ಸಿವಿಲೈಸೇಶನ್ಸ್ ಮ್ಯೂಸಿಯಂ. ಒಳಗೆ ಮೂರು ಮಹಡಿ ತುಂಬ ಸಾಮಾನಿದೆ. ಬುದ್ಧ, ಬಟ್ಟೆ, ಆಭರಣ, ನಮ್ಮ ಕಡೆಯ ಕಂಚಿನ ಮೂರ್ತಿಗಳು. ಅವನ್ನೆಲ್ಲ ಇವತ್ತು ಬಿಟ್ಟುಬಿಡೋಣ. ನಾನು ನಿಮ್ಮನ್ನು ಕರೆದುಕೊಂಡು ಹೋಗುವುದು ಕೆಳಗಿನ ಮಹಡಿಯ ಒಂದೇ ಒಂದು ಕೋಣೆಗೆ.

ನೋಡಿ. ಸಾಲು ಸಾಲು ಬಟ್ಟಲು. ಅಲೆ ಎದ್ದ ಹಾಗೆ ಜೋಡಿಸಿಟ್ಟಿದ್ದಾರೆ. ಅಮ್ಮನಿಗೆ ವಿಡಿಯೋ ಕಾಲ್ ಮಾಡಿ ತೋರಿಸಿದೆ. "ಎಂತದು ಮಾರಾಯ್ತಿ ಇದು, ಪಾತ್ರೆ ಅಂಗಡಿಯಾ?" ಅಂದಳು. ನಿಜ ಹೇಳಬೇಕೆಂದರೆ ಅಮ್ಮ ಹೇಳಿದ್ದೇ ಸರಿ. ಇದು ಪಾತ್ರೆ ಅಂಗಡಿಗೆ ಹೊರಟಿದ್ದ ಮಾಲು. ಅಂಗಡಿ ಮುಟ್ಟಲಿಲ್ಲ, ಅಷ್ಟೇ.

1998ರಲ್ಲಿ ಇಂಡೋನೇಷ್ಯಾದ ಬೆಲಿಟುಂಗ್ ಅನ್ನುವ ದ್ವೀಪದ ಹತ್ತಿರ ಕೆಲವರು ಸಮುದ್ರಕ್ಕೆ ಮುಳುಗು ಹಾಕುತ್ತಿದ್ದರು. ಅವರಿಗೆ ಬೇಕಾಗಿದ್ದು ಸಮುದ್ರ ಸೌತೆ. ತರಕಾರಿ ಅಲ್ಲ, ಕಡಲ ತಳದಲ್ಲಿ ತೆವಳುವ ಒಂದು ಜೀವಿ, ಚೀನಾದವರು ಒಳ್ಳೆ ದುಡ್ಡು ಕೊಟ್ಟು ತಿನ್ನುತ್ತಾರೆ. ಸೌತೆ ಹುಡುಕುವಾಗ ಕೈಗೆ ಸಿಕ್ಕಿದ್ದು ಪಿಂಗಾಣಿ. ಸುಮಾರು 17 ಮೀಟರ್ ಆಳದಲ್ಲಿ ಒಂದು ಇಡೀ ಹಡಗು ಮಲಗಿತ್ತು. ಅದರೊಳಗೆ ಸುಮಾರು 60 ಸಾವಿರ ಮಣ್ಣಿನ ಸಾಮಾನು.

ಹಡಗು ಯಾವ ಕಾಲದ್ದು ಅಂತ ಹೇಗೆ ಗೊತ್ತಾಯಿತು? ಒಂದು ಬಟ್ಟಲಿನ ಹೊರಮೈಯಲ್ಲಿ ತಾರೀಕು ಕೆತ್ತಿದೆ. ಬಾವೋಲಿ ಆಳ್ವಿಕೆಯ ಎರಡನೇ ವರ್ಷ, ಏಳನೇ ತಿಂಗಳು, ಹದಿನಾರನೇ ದಿನ. ನಮ್ಮ ಲೆಕ್ಕದಲ್ಲಿ ಅದು ಕ್ರಿ.ಶ. 826. ಅಂದರೆ ಚೀನಾದಲ್ಲಿ ಟಾಂಗ್ ರಾಜರು, ಬಾಗ್ದಾದಿನ ಕಡೆ ಅಬ್ಬಾಸಿ ಖಲೀಫರು. ನಮ್ಮಲ್ಲಿ? ಮಾನ್ಯಖೇಟದಲ್ಲಿ ಅಮೋಘವರ್ಷ ನೃಪತುಂಗ. ಇದನ್ನು ಸುಮ್ನೆ ಜೋಡಿಸುತ್ತಿಲ್ಲ. ಚೀನಾ ಮತ್ತು ಅರಬ್ ನಾಡಿನ ನಡುವಿನ ಇದೇ ಕಡಲ ದಾರಿಯಲ್ಲಿ ಓಡಾಡುತ್ತಿದ್ದ ಅರಬ್ ವ್ಯಾಪಾರಿಗಳು ಹೇಳಿದ ಮಾತುಗಳ ಒಂದು ದಾಖಲೆ 851ರದ್ದು ಸಿಕ್ಕಿದೆ. ಲೋಕದ ನಾಲ್ಕು ದೊಡ್ಡ ರಾಜರು ಯಾರು ಅಂತ ಅದರಲ್ಲಿ ಪಟ್ಟಿ ಇದೆ. ಖಲೀಫ, ಚೀನಾದ ಚಕ್ರವರ್ತಿ, ರೋಮನರ ದೊರೆ, ಆಮೇಲೆ 'ಬಲ್ಹರಾ'. ಬಲ್ಹರಾ ಅಂದರೆ ನಮ್ಮ ವಲ್ಲಭರಾಜ, ರಾಷ್ಟ್ರಕೂಟರ ಬಿರುದು. ಈ ಹಡಗಿನವರಿಗೆ ನಮ್ಮ ದೊರೆಯ ಹೆಸರು ಗೊತ್ತಿದ್ದಿರಬೇಕು ಅಂತ ನನಗೆ ಅನಿಸುತ್ತದೆ.

ಸರಿ, ಬಟ್ಟಲಿಗೆ ಬರೋಣ. ಈ ಶಾಟ್ ನೋಡಿ, ಹಳದಿ ಬಣ್ಣ ನಾನು, ಅದರ ಎಡಗಡೆ ಬಟ್ಟಲು. ಒಂದು ಕೈಯಲ್ಲಿ ಹಿಡಿಯುವಷ್ಟು ದೊಡ್ಡದು. ಚಾಂಗ್ಶಾ ಅನ್ನುವ ಕಡೆಯ ಗೂಡುಗಳಲ್ಲಿ ಸುಟ್ಟದ್ದು, ಚೀನಾದ ಹುನಾನ್ ಪ್ರಾಂತ್ಯ. ಅಂಚು ನೋಡಿ. ನಾಲ್ಕು ಕಡೆ ಕಂದು ಬಣ್ಣ ಇದೆ, ಅಲ್ವಾ? ಅದನ್ನು ಬ್ರಶ್ಶಿನಲ್ಲಿ ಬಳಿದಿಲ್ಲ. ಬಟ್ಟಲನ್ನು ಓರೆ ಮಾಡಿ ಬಣ್ಣದಲ್ಲಿ ಅದ್ದುವುದು, ತಿರುಗಿಸಿ ಮತ್ತೆ ಅದ್ದುವುದು. ನಾಲ್ಕು ಸಲ. ಮುಗಿಯಿತು. ದೋಸೆ ತಿರುವಿ ಹಾಕುವಷ್ಟು ಹೊತ್ತು. ಆದರೆ ನಾಲ್ಕು ಕಡೆ ಅದ್ದಿದ ಮೇಲೆ ನಡುವೆ ಉಳಿಯುವ ಜಾಗ ತಾನಾಗಿಯೇ ಚೌಕವಾಗುತ್ತದೆ. ಸ್ಕೇಲು ಇಲ್ಲ, ಗೆರೆ ಇಲ್ಲ, ಚಿತ್ರಕ್ಕೆ ಚೌಕಟ್ಟು ರೆಡಿ. ಇದನ್ನು ಮೊದಲು ಯೋಚಿಸಿದ ಪುಣ್ಯಾತ್ಮ ಯಾರೋ, ಅವನಿಗೆ ಒಂದು ನಮಸ್ಕಾರ.

ಆ ಚೌಕದೊಳಗೆ ಚಿತ್ರ. ಕಬ್ಬಿಣದ ಕಂದು, ತಾಮ್ರದ ಹಸಿರು, ಎರಡೇ ಬಣ್ಣ. ಹೂವು, ಮೋಡ, ಮೀನು, ಹಕ್ಕಿ. ಅರಬ್ಬಿ ಅಕ್ಷರದ ಹಾಗೆ ಕಾಣುವ, ಆದರೆ ಯಾರಿಗೂ ಓದಲು ಬರದ ಗೀಚು. ಗಿರಾಕಿ ಅರಬರು, ಚಿತ್ರ ಬರೆಯುವವನಿಗೆ ಅರಬ್ಬಿ ಬರುವುದಿಲ್ಲ, ನೋಡಿದ್ದನ್ನು ನೆನಪಿನಿಂದ ಬರೆದಿದ್ದಾನೆ. ಕೆಲವು ಬಟ್ಟಲುಗಳಲ್ಲಿ ಮಕರವೂ ಇದೆ! ಬೇಲೂರಿನ ಬಾಗಿಲ ಮೇಲೆ ಸೊಂಡಿಲು ಎತ್ತಿಕೊಂಡು ಕೂತಿರುತ್ತದಲ್ಲ, ಅದೇ ಮಕರ. ಬೇಲೂರು ಕಟ್ಟುವುದಕ್ಕೆ ಸುಮಾರು 300 ವರ್ಷ ಮೊದಲೇ ಬೌದ್ಧರ ಜೊತೆ ಚೀನಾಕ್ಕೆ ಹೋಗಿ ಬಟ್ಟಲಿಗೆ ಇಳಿದಿದೆ. ಇಲ್ಲಿ ಸ್ವಲ್ಪ ಬಡಕಲಾಗಿದೆ, ಸುರುಳಿ ಮೂತಿಯ ಮೀನಿನ ಹಾಗೆ. ಇನ್ನೊಂದರಲ್ಲಿ ಚೀನಿ ಅಕ್ಷರದಲ್ಲಿ 'ಚಹಾ ಬಟ್ಟಲು' ಅಂತ ಬರೆದಿದ್ದಾರೆ. ನಮ್ಮ ಮನೆಯ ಡಬ್ಬಿಗಳ ಮೇಲೆ 'ಸಕ್ಕರೆ', 'ಉಪ್ಪು' ಅಂತ ಇರುತ್ತದಲ್ಲ, ಹಾಗೆ.

ನನಗೆ ಜಾಸ್ತಿ ಇಷ್ಟವಾಗಿದ್ದು ಒಂದು ಹಕ್ಕಿ. ಗೆರೆ ಎಣಿಸಿದೆ. ಏಳು. ಬೆನ್ನಿಗೆ ಒಂದು, ಹೊಟ್ಟೆಗೆ ಒಂದು, ರೆಕ್ಕೆಗೆ ಎರಡು, ಬಾಲಕ್ಕೆ ಎರಡು, ಕೊಕ್ಕಿಗೆ ಒಂದು. ಕಣ್ಣು ಬರೀ ಚುಕ್ಕೆ, ಅದನ್ನು ಗೆರೆ ಅಂತ ಲೆಕ್ಕ ಹಿಡಿದಿಲ್ಲ. ಬಾಲದ ಗೆರೆ ಕೊನೆಗೆ ಬರುತ್ತಾ ತೆಳುವಾಗಿ ಬಿಟ್ಟುಹೋಗಿದೆ. ಅಲ್ಲಿ ಕೈ ನಿಂತಿಲ್ಲ, ಮುಂದಿನ ಬಟ್ಟಲಿಗೆ ಹೋಗಿಬಿಟ್ಟಿದೆ. ಇದು ದಿನಕ್ಕೆ ಎಷ್ಟೋ ನೂರು ಬಟ್ಟಲು ಮುಗಿಸಬೇಕಾದವನ ಗೆರೆ. ಕಲಾವಿದ ಅಂತ ಅವನನ್ನು ಯಾರೂ ಕರೆದಿರಲಿಕ್ಕಿಲ್ಲ.

ಪಕ್ಕದಲ್ಲೇ ಚಿನ್ನದ ಬಟ್ಟಲು ಇದೆ. ಎಂಟು ಮೂಲೆ, ಒಂದೊಂದು ಮೈಮೇಲೆ ಒಬ್ಬೊಬ್ಬ ವಾದ್ಯದವನು, ಕುಣಿಯುವವನು. ಎಲ್ಲರೂ ಅದರ ಮುಂದೆ ಸೆಲ್ಫಿ ತೆಗೆಯುತ್ತಾರೆ. ಚೆನ್ನಾಗಿದೆ, ಇಲ್ಲ ಅನ್ನುವುದಿಲ್ಲ. ಆದರೆ ಅದು ಯಾರದ್ದೋ ತಿಜೋರಿಯಲ್ಲಿ ಇರಬೇಕಾಗಿದ್ದ ವಸ್ತು. ಈ ಹಕ್ಕಿ ಬಟ್ಟಲು ಯಾರದ್ದೋ ಅಡುಗೆಮನೆಯಲ್ಲಿ ಇರಬೇಕಾಗಿತ್ತು. ನನಗೆ ಅಡುಗೆಮನೆಯೇ ಹತ್ತಿರ.

ಅಡುಗೆಮನೆ ಅಂದಾಗ, ಪ್ಯಾಕಿಂಗ್ ಬಗ್ಗೆ ಹೇಳಲೇಬೇಕು. ಇವತ್ತು ಆನ್‌ಲೈನ್‌ನಲ್ಲಿ ನಾಲ್ಕು ಕಪ್ಪು ತರಿಸಿದರೆ ಒಂದಾದರೂ ಒಡೆದಿರುತ್ತದೆ. ಇವರು ಏನು ಮಾಡಿದ್ದಾರೆ ನೋಡಿ. ಉಪ್ಪಿನಕಾಯಿ ಭರಣಿ ಇರುತ್ತದಲ್ಲ, ಅದರ ದೊಡ್ಡಪ್ಪನಷ್ಟು ದೊಡ್ಡ ಹಸಿರು ಭರಣಿ. ಅದರೊಳಗೆ ಬಟ್ಟಲುಗಳನ್ನು ಒಂದಕ್ಕೊಂದು ಒತ್ತಿ, ಸುರುಳಿ ಸುರುಳಿಯಾಗಿ ಕೂರಿಸಿದ್ದಾರೆ. ಒಂದು ಭರಣಿಗೆ ನೂರಕ್ಕೂ ಜಾಸ್ತಿ. ಹಡಗು ಮುಳುಗಿತು, ಸಾವಿರದ ನೂರಕ್ಕೂ ಹೆಚ್ಚು ವರ್ಷ ಉಪ್ಪುನೀರಿನಲ್ಲಿ ಬಿದ್ದಿತ್ತು. ಭರಣಿಯೊಳಗಿನ ಬಟ್ಟಲುಗಳ ಹೊಳಪು ಹಾಗೇ ಇದೆ. ಹೊರಗೆ ಬಿದ್ದವುಗಳ ಮೇಲೆ ಹವಳ ಕಚ್ಚಿ ಬೆಳೆದಿದೆ. ಎರಡನ್ನೂ ನೋಡಿದರೆ ಭರಣಿ ಏನು ಮಾಡಿತು ಅಂತ ತಕ್ಷಣ ಗೊತ್ತಾಗುತ್ತದೆ.

ಈಗ ಹಡಗಿನ ವಿಷಯ. ಇದು ನನ್ನ ಮನೆಯ ವಿಷಯವೂ ಹೌದು. ಆ ಹಡಗಿನಲ್ಲಿ ಒಂದೇ ಒಂದು ಮೊಳೆ ಇರಲಿಲ್ಲ. ಹಲಗೆಗೆ ತೂತು ಕೊರೆದು, ನಾರಿನ ಹುರಿ ಹಾಕಿ ಹೊಲಿದಿದ್ದರು. ಅರಬ್ ಕಡೆಯ ಹಡಗುಗಳನ್ನು ಆಗ ಕಟ್ಟುತ್ತಿದ್ದದ್ದೇ ಹಾಗೆ. ಮ್ಯೂಸಿಯಮ್ಮಿನ ಬೋರ್ಡಿನಲ್ಲಿ ಇದನ್ನು ಓದಿದ ಕೂಡಲೇ ಮತ್ತೆ ಅಮ್ಮನಿಗೆ ಫೋನ್ ಮಾಡಿದೆ. "ಹೊಲಿದ ದೋಣಿಯಾ? ಅಜ್ಜನ ರಂಪಣಿ ದೋಣಿಯೂ ಹೊಲಿದದ್ದೇ" ಅಂದಳು. ನಮ್ಮ ಕರಾವಳಿಯಲ್ಲಿ ರಂಪಣಿ ಅಂದರೆ ಊರಿಗೆ ಊರೇ ದಡದಲ್ಲಿ ನಿಂತು ಎಳೆಯುವ ದೊಡ್ಡ ಬಲೆ. ಆ ಬಲೆ ಬಿಡಲು ಹೋಗುವ ದೋಣಿಯ ಹಲಗೆಗಳನ್ನು ಕತ್ತದ ಹುರಿಯಲ್ಲಿ ಹೊಲಿಯುತ್ತಿದ್ದರು. ದೋಣಿ ಅಲೆಯ ಮೇಲೆ ಬಂದು ಮರಳಿಗೆ ಧೊಪ್ಪೆಂದು ಬೀಳುತ್ತದೆ. ಮೊಳೆ ಹೊಡೆದದ್ದಾದರೆ ಹಲಗೆ ಸೀಳುತ್ತದೆ. ಹೊಲಿದದ್ದು ಸ್ವಲ್ಪ ಬಳುಕಿ ಪೆಟ್ಟು ತಡೆದುಕೊಳ್ಳುತ್ತದೆ. 1970ರ ದಶಕದ ಕೊನೆಗೆ ಯಾಂತ್ರಿಕ ದೋಣಿಗಳಿಂದ ಮೀನಿನ ಗುಂಪನ್ನೇ ಸುತ್ತುವರಿಯುವ ಪರ್ಸೀನ್ ಬಲೆ ಬಂತು, ರಂಪಣಿ ಹೋಯಿತು, ಹೊಲಿಯುವ ಕೈಗಳೂ ಹೋದವು. ಅಜ್ಜನ ದೋಣಿಯ ಒಂದು ಫೋಟೋ ಕೂಡ ನಮ್ಮಲ್ಲಿ ಇಲ್ಲ.

ಒಮಾನಿನವರು ಈ ಮುಳುಗಿದ ಹಡಗನ್ನೇ ಮಾದರಿಯಾಗಿ ಇಟ್ಟುಕೊಂಡು ಇನ್ನೊಂದನ್ನು ಕಟ್ಟಿದರು. ಹೆಸರು 'ಜ್ಯುವೆಲ್ ಆಫ್ ಮಸ್ಕತ್'. ತೆಂಗಿನ ನಾರಿನ ಹುರಿಯಲ್ಲೇ ಹೊಲಿದದ್ದು, ಹೊಲಿಯಲು ಕೇರಳದ ಕೆಲಸಗಾರರೂ ಹೋಗಿದ್ದರು. 2010ರಲ್ಲಿ ಅದು ಹಾಯಿ ಬಿಚ್ಚಿ, ಕೊಚ್ಚಿ ಮುಟ್ಟಿ, ಸಿಂಗಪುರದವರೆಗೆ ಬಂತು. ಮೊಳೆ ಇಲ್ಲದೆ.

ಒಂದು ಕಿರಿಕಿರಿಯ ವಿಷಯವೂ ಇದೆ, ಮುಚ್ಚಿಡುವುದಿಲ್ಲ. ಈ ಸಾಮಾನನ್ನು ಮೇಲೆತ್ತಿದ್ದು ಒಂದು ಖಾಸಗಿ ಕಂಪನಿ, ಮಾರುವುದಕ್ಕೆ. ಆಮೇಲೆ ಸಿಂಗಪುರ ಕೊಂಡುಕೊಂಡಿತು. ಅಮೆರಿಕದ ಸ್ಮಿತ್ಸೋನಿಯನ್ ಮ್ಯೂಸಿಯಮ್ಮಿನಲ್ಲಿ ಪ್ರದರ್ಶನ ಆಗಬೇಕಿತ್ತು, ಹೀಗೆ ಮಾರಾಟಕ್ಕೆ ಅಂತ ಮೇಲೆತ್ತಿದ್ದು ತಪ್ಪು ಅಂತ ಪುರಾತತ್ವದವರು ತಕರಾರು ಮಾಡಿದ ಮೇಲೆ 2011ರಲ್ಲಿ ಅದು ನಿಂತುಹೋಯಿತು. ಅವರ ತಕರಾರು ನನಗೆ ಸರಿ ಅನಿಸುತ್ತದೆ. ಆದರೆ ಮೇಲೆತ್ತದೇ ಬಿಟ್ಟಿದ್ದರೆ ಒಂದೊಂದೇ ಬಟ್ಟಲು ಕಳ್ಳಮಾಲಾಗಿ ಚದುರಿ ಹೋಗುತ್ತಿತ್ತು ಅನ್ನುವುದೂ ಸುಳ್ಳಲ್ಲ.

ಹೊರಡುವ ಮೊದಲು ಇದೊಂದು ನೋಡಿ. ಹಡಗಿನವರ ಸ್ವಂತ ಸಾಮಾನು. ತಕ್ಕಡಿ, ಪಗಡೆಯ ದಾಳ, ಸೂಜಿ, ಆಮೇಲೆ ಮಸಾಲೆ ಅರೆಯುವ ಕಲ್ಲು ಮತ್ತು ಗುಂಡು. ಅಮ್ಮ ಈ ಶಾಟನ್ನು ಮೂರು ಸಲ ನೋಡಿದಳು. "ಕಲ್ಲು ಸವೆದಿದೆ, ಚೆನ್ನಾಗಿ ಅರೆದಿದ್ದಾರೆ" ಅಂದಳು.

ಮನೆಗೆ ಬಂದು ನಾನೂ ಒಂದು ಪ್ರಯತ್ನ ಮಾಡಿದೆ. ಕಾಗದದ ತಟ್ಟೆ, ಕಂದು ಬಣ್ಣ, ಒಂದು ಬ್ರಶ್ಶು. ಏಳೇ ಗೆರೆಯಲ್ಲಿ ಹಕ್ಕಿ. ಮೊದಲನೆಯದಕ್ಕೆ ಒಂದು ನಿಮಿಷ ಬೇಕಾಯಿತು. ಇಪ್ಪತ್ತನೆಯ ತಟ್ಟೆಗೆ ಬರುವಷ್ಟರಲ್ಲಿ ಹನ್ನೆರಡು ಸೆಕೆಂಡಿಗೆ ಇಳಿದಿತ್ತು, ಕೈಯೂ ಸ್ವಲ್ಪ ಸಡಿಲವಾಗಿತ್ತು. ಇದ್ದುದರಲ್ಲಿ ಚೆನ್ನಾಗಿ ಬಂದದ್ದನ್ನು ಆರಿಸಿ ಅಮ್ಮನಿಗೆ ಕಳಿಸಿದೆ.

"ಕೋಳಿಯಾ?" ಅಂತ ಮೆಸೇಜ್ ಬಂತು.