ಜನ ರೈಲನ್ನು ಬಿಡಲಿಲ್ಲ, ರೈಲೇ ಜನರನ್ನು ಬಿಟ್ಟಿತು

ಎಲ್ಲರಿಗೂ ನಮಸ್ಕಾರ. ಇವತ್ತು ಬೇರೆ ಏನೋ ಮಾತಾಡಬೇಕು ಅಂತ ಬರೆದಿಟ್ಟುಕೊಂಡಿದ್ದೆ, ಅದು ಪಕ್ಕಕ್ಕಿರಲಿ. ಹೋದ ವಾರದ ವಿಡಿಯೋ ಕೆಳಗೆ ಒಬ್ಬರು ಒಂದು ಕಾಮೆಂಟ್ ಹಾಕಿದ್ದಾರೆ. "ಯಾರೂ ಹತ್ತದ ರೈಲು, ಯಾರಿಗೂ ಬೇಡದ ಸ್ಟೇಷನ್, ಮುಚ್ಚಿದರೆ ಮುಚ್ಚಲಿ ಬಿಡಿ." ಅದಕ್ಕೆ ಲೈಕುಗಳ ಮೇಲೆ ಲೈಕು. ನನಗೆ ನಿಜವಾಗಲೂ ಹೊಟ್ಟೆ ಉರಿಯಿತು.

ಸ್ವಾಮಿ, ಜನ ರೈಲನ್ನು ಬಿಡಲಿಲ್ಲ. ರೈಲೇ ಜನರನ್ನು ಬಿಟ್ಟಿತು. ಇದೊಂದು ಮಾತು ಹೇಳೋದಕ್ಕೇ ಇವತ್ತು ಕೂತಿದ್ದೇನೆ.

ನಾನು ಹೇಳುತ್ತಿರುವುದು ಯಶವಂತಪುರದಿಂದ ಯಲಹಂಕ, ದೇವನಹಳ್ಳಿ, ಚಿಕ್ಕಬಳ್ಳಾಪುರ ದಾಟಿ, ಶಿಡ್ಲಘಟ್ಟ, ಚಿಂತಾಮಣಿ, ಶ್ರೀನಿವಾಸಪುರ, ಕೋಲಾರದ ಮೇಲೆ ಬಂಗಾರಪೇಟೆಗೆ ಹೋಗುತ್ತಿದ್ದ ನ್ಯಾರೋಗೇಜ್ ಲೈನಿನ ಕತೆ. 1913ರಲ್ಲಿ ಬೌರಿಂಗ್‌ಪೇಟೆ, ಅಂದರೆ ಈಗಿನ ಬಂಗಾರಪೇಟೆಯಿಂದ ಕೋಲಾರಕ್ಕೆ ರೈಲು ಬಂತು. 1915ರಲ್ಲಿ ಬೆಂಗಳೂರು ಕಡೆಯಿಂದ ಚಿಕ್ಕಬಳ್ಳಾಪುರಕ್ಕೆ. ನಾಲ್ವಡಿಯವರು ಮಹಾರಾಜರು, ವಿಶ್ವೇಶ್ವರಯ್ಯನವರು ದಿವಾನರು. ಆ ಕಾಲಕ್ಕೆ ದೊಡ್ಡಜಾಲ, ಆವತಿಹಳ್ಳಿ, ನಂದಿ ಹಾಲ್ಟ್ ಅಂಥ ಪುಟ್ಟ ಪುಟ್ಟ ಜಾಗಕ್ಕೂ ಸ್ಟೇಷನ್ ಕಟ್ಟಿದರು. ಯೋಚನೆ ಮಾಡಿ, ನೂರು ವರ್ಷದ ಹಿಂದೆ ಆ ಊರುಗಳಿಗೆ ಸ್ಟೇಷನ್ ಬೇಕಿತ್ತಂತೆ, ಆಮೇಲೆ ಬೇಡವಾಯಿತಂತೆ. ಹೇಗೆ?

ಹೇಗೆ ಅಂತ ಹೇಳುತ್ತೇನೆ. ಆ ಲೈನಿನ ಎರಡು ಹಳಿಗಳ ನಡುವಿನ ಅಂತರ, ಅಂದರೆ ಗೇಜ್, 762 ಮಿಲಿಮೀಟರ್. ನಿಮ್ಮ ಮನೆಯ ಮುಂಬಾಗಿಲಿಗಿಂತ ಕಿರಿದು. ಕಡಿಮೆ ದುಡ್ಡಲ್ಲಿ ಬೇಗ ಕಟ್ಟಬಹುದು ಅಂತ ಹಾಗೆ ಮಾಡಿದರು, ಆ ಕಾಲಕ್ಕೆ ಅದು ಸರಿಯೇ. ಆದರೆ ಬಂಗಾರಪೇಟೆಗೆ ಬಂದರೆ ಎದುರಿಗೆ 1676 ಮಿಲಿಮೀಟರ್‌ನ ಬ್ರಾಡ್‌ಗೇಜ್. ಯಶವಂತಪುರಕ್ಕೆ ಬಂದರೆ ಮೀಟರ್‌ಗೇಜ್. ಅಂದರೆ ಲೈನಿನ ಎರಡು ತುದಿಗೂ ಬೇರೆ ಬೇರೆ ಅಳತೆಯ ಹಳಿ! ಚಿಂತಾಮಣಿಯಲ್ಲಿ ಒಂದು ಮೂಟೆ ಹುಣಸೆಹಣ್ಣು ಹಾಕಿದರೆ ಯಾವ ಕಡೆ ಹೋದರೂ ಇಳಿಸಬೇಕು, ಹಮಾಲಿ ಬೆನ್ನ ಮೇಲೆ ಹೊರಬೇಕು, ಇನ್ನೊಂದು ಡಬ್ಬಿಗೆ ತುಂಬಬೇಕು. ಲಾರಿಗೆ ಈ ಗೋಳೇ ಇಲ್ಲ, ಹೊಲದ ಬದುವಿನಲ್ಲಿ ತುಂಬಿ ನೇರ ಮಂಡಿಯಲ್ಲಿ ಇಳಿಸಿದರೆ ಮುಗಿಯಿತು. ಆಗ ಸರಕು ಲಾರಿಗೆ ಹೋಯಿತು. ಸರಕು ಹೋದ ಮೇಲೆ ಆದಾಯ ಇಲ್ಲ ಅಂದರು. ಆದಾಯ ಇಲ್ಲ ಅಂದ ಮೇಲೆ ಹಳಿಗೆ ದುಡ್ಡು ಹಾಕಲಿಲ್ಲ, ರೈಲು ತೆವಳಿತು. ತೆವಳುವ ರೈಲಿಗಿಂತ ಬಸ್ಸೇ ವಾಸಿ ಅಂತ ಜನ ಬಸ್ ಹತ್ತಿದರು. ಕೊನೆಗೆ ಏನಂದರು? "ನೋಡಿ, ಜನಾನೇ ಬರಲ್ಲ." ಇದು ನ್ಯಾಯವಾ? ಜನ ರೈಲನ್ನು ಬಿಡಲಿಲ್ಲ ಸ್ವಾಮಿ, ರೈಲೇ ಜನರನ್ನು ಬಿಟ್ಟಿತು!

(ನೀರು ಕುಡಿಯುತ್ತೇನೆ, ಒಂದು ನಿಮಿಷ. ಅಷ್ಟರಲ್ಲಿ ಸಬ್‌ಸ್ಕ್ರೈಬ್ ಮಾಡದವರು ಮಾಡಿಬಿಡಿ.)

ಈ ಲೈನಿನ ಒಂದು ಹಳೆಯ ಸ್ಟೇಷನ್‌ಗೆ ಹೋಗಿದ್ದೆ. ಬಾಗಿಲಿಗೆ ಬೀಗ, ಮಂಗಳೂರು ಹೆಂಚು ಅಲ್ಲಲ್ಲಿ ಜಾರಿತ್ತು. ಟಿಕೆಟ್ ಕಿಂಡಿಯ ಕೆಳಗೆ ಒಂದು ಕಲ್ಲು ಇದೆ. ಸುಮ್ನೆ ಕೈ ಇಟ್ಟು ನೋಡಿದೆ. ಅಕ್ಕಪಕ್ಕ ಒರಟು, ಆದರೆ ಕಿಂಡಿಯ ನೇರಕ್ಕೆ ಒಂದು ಅಂಗೈಯಷ್ಟು ಜಾಗ ಮಾತ್ರ ನುಣುಪಾಗಿ, ಸ್ವಲ್ಪ ತಗ್ಗಾಗಿ ಸವೆದಿದೆ. ಚಿಲ್ಲರೆ ತಳ್ಳಿ ತಳ್ಳಿ, ದಪ್ಪ ರಟ್ಟಿನ ಪುಟ್ಟ ಟಿಕೆಟ್ ಎಳೆದುಕೊಂಡು ಎಳೆದುಕೊಂಡು ಆದ ಸವೆತ ಅದು. ಯಾರೂ ಹತ್ತದ ರೈಲಿಗೆ ಕಲ್ಲು ಸವೆಯುತ್ತಾ? ಆ ಕಾಮೆಂಟ್ ಹಾಕಿದವರು ಒಂದು ಸಲ ಬಂದು ಅಲ್ಲಿ ಕೈ ಇಡಬೇಕು.

"ಹಾಗಾದರೆ ಬ್ರಾಡ್‌ಗೇಜ್ ಬೇಡವಾಗಿತ್ತಾ, ಅಭಿವೃದ್ಧಿ ಬೇಡ್ವಾ?" ಅಂತ ಈಗಲೇ ಯಾರೋ ಟೈಪ್ ಮಾಡುತ್ತಿರುತ್ತಾರೆ. ಬೇಡ ಅಂತ ಯಾರಪ್ಪ ಹೇಳಿದ್ದು? ಬೇಗ ಬೇಕಿತ್ತು ಅಂತ ಹೇಳುತ್ತಿದ್ದೇನೆ. ದೇಶದಲ್ಲೆಲ್ಲ ಒಂದೇ ಗೇಜ್ ಮಾಡುವ ಯೋಜನೆ ಶುರುವಾಗಿದ್ದು 1992ರಲ್ಲಿ. ಕೋಲಾರ–ಚಿಕ್ಕಬಳ್ಳಾಪುರದ ತುಂಡು ಬ್ರಾಡ್‌ಗೇಜ್ ಆಗಿ ಮುಗಿದಿದ್ದು 2013ರಲ್ಲಿ. 21 ವರ್ಷ! ಆ ಯೋಜನೆ ಶುರುವಾದ ವರ್ಷ ಹುಟ್ಟಿದ ಮಗು ಓದು ಮುಗಿಸಿ ಬಸ್ಸಲ್ಲೇ ಕೆಲಸಕ್ಕೆ ಹೋಗುತ್ತಿತ್ತು. ಇಷ್ಟು ವರ್ಷ ಕಾಯಿಸಿ, ಆಮೇಲೆ ಜನರ ಅಭ್ಯಾಸ ತಪ್ಪಿತು ಅಂದರೆ ಹೇಗೆ?

ಇನ್ನೊಂದು ಕೇಳಿ. ದೇವನಹಳ್ಳಿ ವಿಮಾನ ನಿಲ್ದಾಣ ಶುರುವಾಗಿದ್ದು 2008ರಲ್ಲಿ. ಇದೇ ಹಳಿ ಅದರ ಮಗ್ಗುಲಲ್ಲೇ ಹೋಗುತ್ತದೆ. ಅಲ್ಲೊಂದು ಹಾಲ್ಟ್ ಸ್ಟೇಷನ್ ಬಂದಿದ್ದು ಯಾವಾಗ ಗೊತ್ತಾ? 2021ರ ಜನವರಿ. ಅಷ್ಟು ವರ್ಷ ಅಲ್ಲಿ ಜನ ಇರಲಿಲ್ವಾ? ಟ್ಯಾಕ್ಸಿಗೆ ದುಡ್ಡು ಸುರಿಯುತ್ತಿದ್ದವರು ಯಾರು ಹಾಗಾದರೆ? ಜನ ಇದ್ದರು. ನಿಲ್ಲುವ ರೈಲು ಇರಲಿಲ್ಲ. ಅದೇ ಮಾತು, ಅದೇ!

ನಂದಿ ಹಾಲ್ಟ್ ಕಟ್ಟಡವನ್ನು ಹಳೆಯ ಕಟ್ಟಡಗಳನ್ನು ಉಳಿಸುವ ಸಂಸ್ಥೆಯಾದ ಇಂಟ್ಯಾಕ್‌ನವರು ಚೆನ್ನಾಗಿ ದುರಸ್ತಿ ಮಾಡಿಸಿದ್ದಾರೆ, ಅದಕ್ಕೆ ಕೈಮುಗಿಯುತ್ತೇನೆ. ಹೋಗಿ ನೋಡಿ, ಮಕ್ಕಳನ್ನೂ ಕರೆದುಕೊಂಡು ಹೋಗಿ. ಆದರೆ ದಯವಿಟ್ಟು ಈ ಲೈನಿನ ಯಾವ ಹಳೆಯ ಸ್ಟೇಷನ್ ಮುಂದೆಯೂ ನಿಂತು "ದೆವ್ವದ ಸ್ಟೇಷನ್" ಅಂತ ರೀಲ್ಸ್ ಮಾಡಬೇಡಿ. ಕೈಮುಗಿದು ಕೇಳುತ್ತೇನೆ. ಅಲ್ಲಿ ದೆವ್ವ ಇಲ್ಲ. ರೇಷ್ಮೆಗೂಡಿನ ಬುಟ್ಟಿ ಹಿಡಿದುಕೊಂಡು ಕಾದವರ ಜಾಗ ಅದು.

ಏನೇನೋ ಬರೆದುಕೊಂಡಿದ್ದೆ, ಇನ್ನೂ ಎರಡು ಹಾಳೆ ಇದೆ. ಓದುವುದಿಲ್ಲ. ಬೇಕಾಗಿಲ್ಲ. ರೈಲೇ ಬಿಟ್ಟಿದ್ದು, ರೈಲೇ, ರೈಲೇ! ಯಾರು ಎಷ್ಟು ಲೈಕ್ ಒತ್ತಿದರೂ ನಾನು ಇದನ್ನೇ ಹೇಳುವುದು.

ನಿಮ್ಮ ಅಜ್ಜಿಯ ಟ್ರಂಕಿನಲ್ಲೋ ಅಪ್ಪನ ಹಳೇ ಪುಸ್ತಕದ ನಡುವೆಯೋ ಈ ಲೈನಿನ ರಟ್ಟಿನ ಟಿಕೆಟ್ ಏನಾದರೂ ಇದ್ದರೆ ಫೋಟೋ ತೆಗೆದು ಕಳಿಸಿ. ಮುಂದಿನ ವಾರ ಎಲ್ಲವನ್ನೂ ಒಂದೊಂದಾಗಿ ತೋರಿಸುತ್ತೇನೆ, ಯಾವ ಊರಿಂದ ಯಾವ ಊರಿಗೆ ಅಂತ ಓದಿ ಹೇಳುತ್ತೇನೆ. ಆ ಕಾಮೆಂಟ್ ಹಾಕಿದವರೂ ಬನ್ನಿ. ಬರ್ತೀರ ಅಲ್ವಾ?