ಎರಡು ಗೆಲುವು, ಎಂಟು ಸೋಲು: ಮಾರ್ಷಲ್ ತಂಡದ 1971

ಕೇಳುಗರಿಗೆ ನಮಸ್ಕಾರ.

ಹತ್ತು ಪಂದ್ಯ ಆಡಿ ಎರಡನ್ನಷ್ಟೇ ಗೆದ್ದ ಒಂದು ಕಾಲೇಜು ತಂಡದ ಬಗ್ಗೆ ಇವತ್ತು ಮಾತಾಡುತ್ತೇನೆ. ಅಮೆರಿಕದ ವೆಸ್ಟ್ ವರ್ಜೀನಿಯಾ ರಾಜ್ಯದಲ್ಲಿ, ಓಹಾಯೊ ನದಿಯ ದಂಡೆಯ ಮೇಲೆ ಹಂಟಿಂಗ್ಟನ್ ಅಂತ ಒಂದು ಊರಿದೆ. ಅಲ್ಲಿನ ಮಾರ್ಷಲ್ ವಿಶ್ವವಿದ್ಯಾಲಯದ ಫುಟ್‌ಬಾಲ್ ತಂಡ ಅದು, ವರ್ಷ 1971. ನೆನಪಿರಲಿ, ಇದು ಅಮೆರಿಕನ್ ಫುಟ್‌ಬಾಲ್. ಕಾಲಿಗಿಂತ ಕೈಗೇ ಕೆಲಸ ಜಾಸ್ತಿ. ಚೆಂಡು ಸಿಕ್ಕ ತಂಡ ನಾಲ್ಕು ಯತ್ನದೊಳಗೆ ಹತ್ತು ಯಾರ್ಡ್ ಮುಂದೆ ಹೋಗಬೇಕು. ಹೋದರೆ ಮತ್ತೆ ನಾಲ್ಕು ಯತ್ನ. ಎದುರಾಳಿಯ ಕೊನೆಗೆರೆ ದಾಟಿದರೆ ಟಚ್‌ಡೌನ್, ಆರು ಅಂಕ. ಸದ್ಯಕ್ಕೆ ಇಷ್ಟು ಗೊತ್ತಿದ್ದರೆ ಸಾಕು.

ಹಿಂದಿನ ವರ್ಷ, 1970ರ ನವೆಂಬರ್ 14, ಶನಿವಾರ. ಮಾರ್ಷಲ್ ತಂಡ ನಾರ್ತ್ ಕೆರೊಲಿನಾದಲ್ಲಿ ಈಸ್ಟ್ ಕೆರೊಲಿನಾ ವಿರುದ್ಧ 17–14ರಿಂದ ಸೋತು, ಬಾಡಿಗೆಗೆ ಗೊತ್ತುಮಾಡಿದ್ದ ಡಿಸಿ–9 ವಿಮಾನದಲ್ಲಿ ಊರಿಗೆ ಮರಳುತ್ತಿತ್ತು. ಸಂಜೆ ಮಳೆ, ಮಂಜು. ರನ್‌ವೇ ಇನ್ನೇನು ಬಂತು ಅನ್ನುವಾಗ ವಿಮಾನ ಗುಡ್ಡದ ಮೇಲಿನ ಮರಗಳಿಗೆ ತಗುಲಿ ಬಿತ್ತು. ಒಳಗಿದ್ದ 75 ಮಂದಿಯಲ್ಲಿ ಒಬ್ಬರೂ ಉಳಿಯಲಿಲ್ಲ. ಅವರಲ್ಲಿ 37 ಜನ ಆಟಗಾರರು. ಮುಖ್ಯ ತರಬೇತುದಾರ ರಿಕ್ ಟಾಲಿ ಹೋದರು. ತಂಡದ ಜೊತೆ ಹೋಗಿದ್ದ ಊರಿನ ಗಣ್ಯರೂ ಹೋದರು. ಅಪ್ಪ, ಅಮ್ಮ ಇಬ್ಬರನ್ನೂ ಒಂದೇ ಸಂಜೆ ಕಳೆದುಕೊಂಡ ಮಕ್ಕಳಿದ್ದರು. ವಿಮಾನ ಇಳಿಯಬಹುದಾದ ಎತ್ತರಕ್ಕಿಂತ ಕೆಳಗೆ ಬಂದಿತ್ತು ಎಂದು ತನಿಖೆ ಹೇಳಿತು. ಯಾಕೆ ಬಂತು ಅನ್ನುವುದು ಮಾತ್ರ ಖಚಿತವಾಗಲೇ ಇಲ್ಲ.

ಈ ಕಥೆ ಹೇಳುವವರು ಸಾಮಾನ್ಯವಾಗಿ ಇಲ್ಲಿಂದ ನೇರವಾಗಿ ಮೊದಲ ಗೆಲುವಿಗೆ ಹಾರಿಬಿಡುತ್ತಾರೆ. ನನಗೆ ನಡುವಿನ ಹತ್ತು ತಿಂಗಳೇ ಹೆಚ್ಚು ಕುತೂಹಲ. ಆಡಲು ಹುಡುಗರು ಎಲ್ಲಿಂದ ಬಂದರು?

ಆ ಕಾಲದಲ್ಲಿ ಕಾಲೇಜು ಕ್ರೀಡೆಗಳನ್ನು ನಿಯಂತ್ರಿಸುವ ಎನ್‌ಸಿಎಎ ಸಂಸ್ಥೆಯ ಒಂದು ನಿಯಮವಿತ್ತು: ಮೊದಲ ವರ್ಷದ ವಿದ್ಯಾರ್ಥಿಗಳು ಮುಖ್ಯ ತಂಡದಲ್ಲಿ ಆಡುವಂತಿಲ್ಲ. ಅವರಿಗೆ ಬೇರೆಯೇ ತಂಡ. ಹಾಗಾಗಿ 1970ರಲ್ಲಿ ಮಾರ್ಷಲ್ ಸೇರಿದ ಹೊಸ ಹುಡುಗರು ಆ ವಿಮಾನ ಹತ್ತಲೇ ಇಲ್ಲ. ಅವರನ್ನು ಉಳಿಸಿದ್ದು ಆ ನಿಯಮ. ಮುಂದಿನ ವರ್ಷಕ್ಕೆ ತಂಡ ಕಟ್ಟಲು ಹೊರಟಾಗ ಅಡ್ಡ ಬಂದದ್ದೂ ಅದೇ. ಉಳಿದವರಿಂದಷ್ಟೇ ತಂಡ ತುಂಬುವಂತಿರಲಿಲ್ಲ. 1971ರಲ್ಲಿ ಹೊಸದಾಗಿ ಸೇರುವವರೂ ಬೇಕಿತ್ತು. ವಿಶ್ವವಿದ್ಯಾಲಯ ಮನವಿ ಮಾಡಿಕೊಂಡಿತು, ಎನ್‌ಸಿಎಎ ವಿನಾಯಿತಿ ಕೊಟ್ಟಿತು. ಗಾಯವಾಗಿ ಆ ಪ್ರಯಾಣ ತಪ್ಪಿಸಿಕೊಂಡಿದ್ದ ನೇಟ್ ರಫಿನ್ ನಾಯಕರಾದರು. ಚೆಂಡು ಒದೆಯುವ ಕೆಲಸಕ್ಕೆ ಸಾಕರ್, ಅಂದರೆ ನಮ್ಮಲ್ಲಿ ಫುಟ್‌ಬಾಲ್ ಅನ್ನುವ ಆಟ, ಆಡುತ್ತಿದ್ದ ಹುಡುಗನನ್ನೇ ಕರೆತಂದರು.

ತರಬೇತುದಾರರು ಸಿಗುವುದೂ ಸುಲಭವಾಗಲಿಲ್ಲ. ಮೊದಲು ಒಪ್ಪಿಕೊಂಡವರು ಕೆಲವೇ ದಿನಗಳಲ್ಲಿ ಬೇಡವೆಂದು ಹಳೆಯ ಕೆಲಸಕ್ಕೆ ಮರಳಿದರು. ಕೊನೆಗೆ ಬಂದದ್ದು ಓಹಾಯೊದ ಸಣ್ಣ ಕಾಲೇಜು ವೂಸ್ಟರ್‌ನಿಂದ ಜ್ಯಾಕ್ ಲೆಂಗಿಯೆಲ್. ಹೊಸ ಆಟಗಾರರನ್ನು ಹುಡುಕಲು ಹೋಗಿದ್ದರಿಂದ ವಿಮಾನದ ಬದಲು ಕಾರಿನಲ್ಲಿ ಮರಳುತ್ತಿದ್ದ ಸಹಾಯಕ ತರಬೇತುದಾರ ರೆಡ್ ಡಾಸನ್, ಇನ್ನೊಂದು ವರ್ಷ ಮಾತ್ರ ಇರುತ್ತೇನೆಂದು ಜೊತೆಯಾದರು.

ಲೆಂಗಿಯೆಲ್ ಮೊದಲು ಕಲಿಸಲು ಹೊರಟ ಪದ್ಧತಿ ಈ ಹುಡುಗರ ಕೈಗೆ ಹತ್ತಲಿಲ್ಲ. ಅದಕ್ಕೆ ಗಟ್ಟಿಮುಟ್ಟಾದ ಮುಂಚೂಣಿ ಬೇಕು. ಆಗ ಅವರು ಹೋಗಿ ಬಾಗಿಲು ತಟ್ಟಿದ್ದು ಅದೇ ರಾಜ್ಯದ ದೊಡ್ಡ ವಿಶ್ವವಿದ್ಯಾಲಯದ್ದು, ವೆಸ್ಟ್ ವರ್ಜೀನಿಯಾದ್ದು. ಅಲ್ಲಿನ ತರಬೇತುದಾರ ಬಾಬಿ ಬೌಡನ್ ತಮ್ಮ ‘ವೀರ್’ ಪದ್ಧತಿಯ ತಂತ್ರಗಳನ್ನು ಬಿಚ್ಚಿಟ್ಟು ತೋರಿಸಿದರು. ಆಟದ ತಂತ್ರ ಬರೆದಿಟ್ಟ ಪುಸ್ತಕವನ್ನು ತರಬೇತುದಾರರು ಹೊರಗಿನವರಿಗೆ ತೋರಿಸುವುದುಂಟೇ? ನನ್ನ ಮಟ್ಟಿಗೆ ಈ ಋತುವಿನ ಅತಿ ದೊಡ್ಡ ಘಟನೆ ಮೈದಾನದಲ್ಲಿ ನಡೆದದ್ದಲ್ಲ, ಇದು.

ವೀರ್ ಅಂದರೆ ಏನು? ಎದುರಾಳಿಯ ಒಬ್ಬ ರಕ್ಷಕನನ್ನು ಬೇಕೆಂದೇ ತಡೆಯದೆ ಬಿಡುವುದು. ಕ್ವಾರ್ಟರ್‌ಬ್ಯಾಕ್, ಅಂದರೆ ಚೆಂಡನ್ನು ಮೊದಲು ಕೈಗೆ ತೆಗೆದುಕೊಂಡು ಆಟ ನಡೆಸುವವನು, ಅವನನ್ನೇ ನೋಡುತ್ತಾ ಓಡುತ್ತಾನೆ. ಅವನು ಒಳಗೆ ನುಗ್ಗಿದರೆ ಚೆಂಡನ್ನು ತಾನೇ ಇಟ್ಟುಕೊಂಡು ಹೊರಗೆ ಓಡುವುದು, ಹೊರಗೆ ನಿಂತರೆ ಒಳಗೆ ಓಡುವ ಜೊತೆಗಾರನಿಗೆ ಕೊಡುವುದು, ಇನ್ನೊಬ್ಬ ರಕ್ಷಕ ಎದುರಾದರೆ ಪಕ್ಕದವನಿಗೆ ಎಸೆಯುವುದು. ನಿರ್ಧಾರಕ್ಕೆ ಸಿಗುವುದು ಕಣ್ಣು ಮಿಟುಕಿಸುವಷ್ಟು ಹೊತ್ತು. ತಡೆಯಬೇಕಾದವರು ಒಬ್ಬರು ಕಡಿಮೆ ಆದರಲ್ಲ, ಎಳೆಯ ಹುಡುಗರ ತಂಡಕ್ಕೆ ಅದೇ ಲಾಭ.

1971ರ ಸೆಪ್ಟೆಂಬರ್ 18ರಂದು ಮೊದಲ ಪಂದ್ಯ. ಮೋರ್‌ಹೆಡ್ ಸ್ಟೇಟ್ 29–6ರಿಂದ ಸೋಲಿಸಿತು. ವಾರದ ನಂತರ, ತವರಿನ ಫೇರ್‌ಫೀಲ್ಡ್ ಮೈದಾನಕ್ಕೆ ಝೇವಿಯರ್ ಬಂತು.

ಪಂದ್ಯದ ಕೊನೆಗೆ ಝೇವಿಯರ್ 13–9ರಿಂದ ಮುಂದಿತ್ತು. ಕೊನೆಯ ಗೆರೆಗೆ 13 ಯಾರ್ಡ್ ಬಾಕಿ, ಗಡಿಯಾರದಲ್ಲಿ ಒಂದು ಆಟಕ್ಕಷ್ಟೇ ಸಮಯ. ಬೆಂಚಿನಿಂದ ಬಂದ ಸೂಚನೆ ‘213 ಬೂಟ್‌ಲೆಗ್ ಸ್ಕ್ರೀನ್’. ಕ್ವಾರ್ಟರ್‌ಬ್ಯಾಕ್ ರೆಜಿ ಆಲಿವರ್ ಚೆಂಡು ಹಿಡಿದು ಒಂದು ಬದಿಗೆ ಓಡಿದರು. ರಕ್ಷಕರು ಅವರ ಬೆನ್ನು ಹತ್ತಿದರು. ಅಷ್ಟರಲ್ಲಿ ಆಲಿವರ್ ತಿರುಗಿ ಚೆಂಡನ್ನು ಎದುರು ಬದಿಗೆ ಎಸೆದರು. ಅಲ್ಲಿ ಟೆರಿ ಗಾರ್ಡನರ್, ಮುಂದೆ ದಾರಿ ಬಿಡಿಸಲು ಜೊತೆಗಾರ. ಗಾರ್ಡನರ್ ಗೆರೆ ದಾಟುವ ಹೊತ್ತಿಗೆ ಸಮಯವೂ ಮುಗಿದಿತ್ತು. 15–13. ಜನ ಮೈದಾನಕ್ಕೆ ನುಗ್ಗಿದರು. ಮನೆಗೆ ಹೋಗುವ ಮನಸ್ಸೇ ಯಾರಿಗೂ ಇರಲಿಲ್ಲವಂತೆ.

ಇಲ್ಲಿಗೆ ನಿಲ್ಲಿಸಿದರೆ ಚೆನ್ನಾಗಿರುತ್ತದೆ, ನಿಜ. ಆದರೆ ಋತು ನಿಲ್ಲಲಿಲ್ಲ. ಓಹಾಯೊದ ಮಿಯಾಮಿ ತಂಡದ ಎದುರು 66–6ರ ಸೋಲು. 1969ರಿಂದ ಒಂದೂ ಪಂದ್ಯ ಸೋಲದ ಟೊಲೀಡೊ ಎದುರು ಒಂದು ಅಂಕವೂ ಸಿಗಲಿಲ್ಲ. ಹದಿನೆಂಟರ ಹುಡುಗರು ಇಪ್ಪತ್ತೊಂದರ ಗಂಡಸರ ಜೊತೆ ಸೆಣಸಿದರೆ ಆಗುವುದು ಇದೇ. ನಡುವೆ ಅಕ್ಟೋಬರ್ ಕೊನೆಗೆ ಬೌಲಿಂಗ್ ಗ್ರೀನ್ ವಿರುದ್ಧ 12–10ರ ಗೆಲುವು. ಕೊನೆಯ ಗಳಿಗೆಯ ಪವಾಡಕ್ಕಿಂತ ಈ ಎರಡನೆಯ ಗೆಲುವೇ ನನಗೆ ಹೆಚ್ಚು ಅನಿಸುತ್ತದೆ. ಪೆಟ್ಟಿನ ಮೇಲೆ ಪೆಟ್ಟು ತಿಂದ ಮೇಲೆ ಬಂದದ್ದಲ್ಲವೇ ಅದು?

ಋತು ಮುಗಿಯಿತು. ಡಾಸನ್ ಹೇಳಿದಂತೆಯೇ ತರಬೇತಿ ಬಿಟ್ಟು ಹೋದರು. ಮೊದಲ ವರ್ಷದವರ ಮೇಲಿನ ನಿರ್ಬಂಧವನ್ನು 1972ರಲ್ಲಿ ಎನ್‌ಸಿಎಎ ಎಲ್ಲ ತಂಡಗಳಿಗೂ ತೆಗೆದುಹಾಕಿತು. ಲೆಂಗಿಯೆಲ್ ಇದ್ದದ್ದು ನಾಲ್ಕು ಋತು, ಒಟ್ಟು ಒಂಬತ್ತು ಗೆಲುವು, 33 ಸೋಲು. ಸೋಲಿಗಿಂತ ಗೆಲುವು ಹೆಚ್ಚಿರುವ ಋತುವನ್ನು ಮಾರ್ಷಲ್ ಮತ್ತೆ ಕಂಡದ್ದು 1984ರಲ್ಲಿ. ತನ್ನ ವಿಭಾಗದ ರಾಷ್ಟ್ರೀಯ ಪ್ರಶಸ್ತಿ ಗೆದ್ದದ್ದು 1992ರಲ್ಲಿ, ಆ ವಿಮಾನ ಬಿದ್ದು ಇಪ್ಪತ್ತೆರಡು ವರ್ಷಕ್ಕೆ.

ನಮಸ್ಕಾರ.