ಇಡೀ ಊರಿಗಿಂತ ಬೆಲೆ ಬಾಳೋ ಒಂದು ಅಂಗಿ: ಮಿಥ್ರಿಲ್ ಕಥೆ

(ಸ್ಕ್ರೀನ್ ಪೂರ್ತಿ ಕತ್ತಲೆ, ದೂರದಲ್ಲೆಲ್ಲೋ ನಗಾರಿ ಸದ್ದು)

ಎಲ್ರಿಗೂ ನಮಸ್ಕಾರ. ಟೋಲ್ಕೀನ್ ಅವರ ಕಾದಂಬರಿ ಲಾರ್ಡ್ ಆಫ್ ದ ರಿಂಗ್ಸ್ ಓದಿದವರಿಗೆ ಈ ಜಾಗ ಮರೆಯೋಕೆ ಆಗಲ್ಲ. ಮೋರಿಯಾ ಗಣಿಯೊಳಗೆ ಒಂದು ಕೋಣೆ, ಓರ್ಕ್‌ಗಳ (ರಾಕ್ಷಸರಂಥ ಜೀವಿಗಳು) ಸರದಾರ ನುಗ್ಗಿ ಬಂದು ಈಟಿಯಲ್ಲಿ ಕಥಾನಾಯಕ ಫ್ರೋಡೊನ ಬಲ ಪಕ್ಕೆಗೆ ತಿವಿದು ಗೋಡೆಗೆ ಅದುಮಿಬಿಡ್ತಾನೆ. ಕಥೆ ಮುಗೀತು ಅಂತ ಎಲ್ರೂ ಅಂದ್ಕೋತಾರೆ. ಗಣಿಯಿಂದ ಹೊರಗೆ ಬಂದ್ಮೇಲೆ ಜೊತೆಗಾರ ಅರಗಾರ್ನ್ ಅವನ ಅಂಗಿ ಬಿಚ್ಚಿ ನೋಡಿದ್ರೆ ಒಳಗೆ ಸಣ್ಣ ಸಣ್ಣ ಉಂಗುರ ಹೆಣೆದು ಮಾಡಿರೋ ಕವಚ, ಬೆಳ್ಳಿ ಥರ ಮಿನುಗ್ತಿದೆ. ಈಟಿ ಒಳಗೆ ಹೋಗೇ ಇಲ್ಲ. ಆದ್ರೆ ಏಟಿನ ರಭಸಕ್ಕೆ ಆ ಉಂಗುರಗಳು ಕೆಳಗಿದ್ದ ಚರ್ಮದ ಅಂಗಿ ದಾಟಿ ಮೈಗೇ ಒತ್ಕೊಂಡಿವೆ, ಪಕ್ಕೆ ಕಪ್ಪುಗಟ್ಟಿದೆ. ನನಗೆ ಈ ಡೀಟೇಲ್ ತುಂಬಾ ಇಷ್ಟ, ಯಾಕಂದ್ರೆ ಇದು ಮಂತ್ರ ಹಾಕಿ ಕಾಪಾಡಿದ್ದಲ್ಲ, ಒಂದು ಗಟ್ಟಿ ಲೋಹ ಮಾಡೋ ಕೆಲಸ ಮಾಡಿದ್ದು ಅಷ್ಟೇ, ನೋವಂತೂ ಆಗೇ ಆಯ್ತು.

ಆ ಲೋಹನೇ ಮಿಥ್ರಿಲ್.

(ಟೈಟಲ್ ಕಾರ್ಡ್)

ಮೊದಲು ಹೆಸರು. ಟೋಲ್ಕೀನ್ ಅವರು ಆಕ್ಸ್‌ಫರ್ಡ್‌ನಲ್ಲಿ ಭಾಷೆ ಪಾಠ ಮಾಡ್ತಿದ್ದ ಪ್ರೊಫೆಸರ್, ಹಾಗಾಗಿ ಹೆಸರನ್ನ ಸುಮ್ನೆ ಇಟ್ಟಿರಲ್ಲ. ಕಥೆಯಲ್ಲಿ ಬರೋ ಎಲ್ಫ್ ಅನ್ನೋ ಚಿರಂಜೀವಿ ಜನಾಂಗಕ್ಕೆ ಅವರೇ ಕಟ್ಟಿದ ಸಿಂದರಿನ್ ಭಾಷೆಯಲ್ಲಿ 'ಮಿಥ್' ಅಂದ್ರೆ ಬೂದು ಬಣ್ಣ, 'ರಿಲ್' ಅಂದ್ರೆ ಹೊಳಪು. ಇದನ್ನ ಅಗೆದು ತೆಗೀತಿದ್ದ ಡ್ವಾರ್ಫ್‌ಗಳು, ಅಂದ್ರೆ ಕುಬ್ಜರು, ತಮ್ಮ ಭಾಷೆಯಲ್ಲಿ ಬೇರೆ ಹೆಸರು ಇಟ್ಕೊಂಡಿದ್ರು, ಆದ್ರೆ ಅದನ್ನ ಹೊರಗಿನ ಯಾರಿಗೂ ಹೇಳಲಿಲ್ಲ. ಇನ್ನೊಂದು ವಿಷ್ಯ, 1937ರಲ್ಲಿ ಅವರ ಹಿಂದಿನ ಕಾದಂಬರಿ ದ ಹಾಬಿಟ್ ಮೊದಲ ಸಲ ಬಂದಾಗ ಈ ಪದನೇ ಅದರಲ್ಲಿ ಇರಲಿಲ್ಲ, ಅದರ ನಾಯಕ ಬಿಲ್ಬೊಗೆ ಸಿಗೋ ಕವಚ, ಅಂದ್ರೆ ಮುಂದೆ ಫ್ರೋಡೊ ಹಾಕ್ಕೊಳ್ಳೋ ಇದೇ ಕವಚ, ಬರೀ ಬೆಳ್ಳಿ ಲೇಪದ ಉಕ್ಕು ಅಂತಿತ್ತು. 1954ರಲ್ಲಿ ಲಾರ್ಡ್ ಆಫ್ ದ ರಿಂಗ್ಸ್‌ನ ಮೊದಲ ಭಾಗದಲ್ಲಿ ಮಿಥ್ರಿಲ್ ಬಂತು, ಆಮೇಲೆ 1966ರಲ್ಲಿ ಹಾಬಿಟ್ ತಿದ್ದಿದಾಗ ಹಳೆ ಕಥೆಗೂ ಸೇರಿಸಿದ್ರು.

ಗುಣ ಏನು? ತಾಮ್ರದ ಥರ ಬಡಿದು ಬೇಕಾದ ಆಕಾರಕ್ಕೆ ತರಬಹುದು, ಗಾಜಿನ ಥರ ಪಾಲಿಶ್ ಆಗತ್ತೆ, ಕುಬ್ಜರ ಕೈಗೆ ಸಿಕ್ರೆ ಉಕ್ಕಿಗಿಂತ ಗಟ್ಟಿ ಆದ್ರೂ ಹಗುರ. ನೋಡೋಕೆ ಬೆಳ್ಳಿನೇ, ಆದ್ರೆ ಎಷ್ಟು ವರ್ಷ ಆದ್ರೂ ಮಾಸಲ್ಲ. ನಮ್ಮನೆ ಬೆಳ್ಳಿ ದೀಪನ ಹಬ್ಬದ ಹಿಂದಿನ ದಿನ ಕೂತ್ಕೊಂಡು ವಿಭೂತಿ ಹಾಕಿ ತಿಕ್ಕಿದವರಿಗೆ ಗೊತ್ತು, ಇದು ಎಂಥಾ ದೊಡ್ಡ ವರ ಅಂತ.

(ಮ್ಯಾಪ್: ಮಿಸ್ಟಿ ಮೌಂಟನ್ಸ್, ಮೋರಿಯಾ ಮೇಲೆ ಜೂಮ್)

ಈಗ ಅಸಲಿ ಮಾತು. ಮಿಡಲ್ ಅರ್ತ್ ಅನ್ನೋ ಕಾಲ್ಪನಿಕ ಲೋಕದಲ್ಲಿ ಕಥೆ ನಡೆಯೋ ಜಾಗಗಳಲ್ಲಿ ಇದು ಸಿಗೋದು ಕುಬ್ಜರ ಊರು ಮೋರಿಯಾ ಒಂದರಲ್ಲೇ. ಚಿನ್ನ, ಕಬ್ಬಿಣ ಎಲ್ಲ ಕುಬ್ಜರು ವ್ಯಾಪಾರ ಮಾಡಿ ಬೇರೆ ಕಡೆಯಿಂದ ತರಿಸ್ಕೋಬಹುದಿತ್ತು, ಮಿಥ್ರಿಲ್ ಹಾಗಲ್ಲ. ಹಾಗಾಗಿ ಆ ಊರು ಬೆಳೆದಿದ್ದೂ ಇದರಿಂದ, ಹಾಳಾಗಿದ್ದೂ ಇದರಿಂದಾನೇ. ಅದಿರಿನ ಎಳೆ ಆಳಕ್ಕೆ, ಕತ್ತಲೆಗೆ ಹೋಗ್ತಾ ಇತ್ತು, ಇವರು ಅದರ ಹಿಂದೆನೇ ಅಗೀತಾ ಹೋದ್ರು. ಮೂರನೇ ಯುಗದ 1980ನೇ ವರ್ಷ ಕೆಳಗೆ ಮಲಗಿದ್ದ ಬಾಲ್ರಾಗ್ ಅನ್ನೋ ಬೆಂಕಿಯ ಭೂತ ಎದ್ದುಬಿಡ್ತು. ಆರನೇ ಡ್ಯೂರಿನ್ ರಾಜ ಸತ್ತ, ಮರುವರ್ಷ ಅವನ ಮಗ ನಾಯಿನ್ ಕೂಡ ಸತ್ತ, ಉಳಿದವರು ಊರು ಬಿಟ್ಟು ಓಡಿದ್ರು. ಅಲ್ಲಿವರೆಗೂ ಚಿನ್ನದ ಹತ್ತು ಪಟ್ಟು ಇದ್ದ ಮಿಥ್ರಿಲ್‌ಗೆ ಆಮೇಲೆ ಬೆಲೆ ಕಟ್ಟೋಕೇ ಆಗಲಿಲ್ಲ. ಓರ್ಕ್‌ಗಳು ಕೂಡಿಟ್ಟಿದ್ದನ್ನೆಲ್ಲ ಕಥೆಯ ಖಳನಾಯಕ ಸೌರಾನ್‌ಗೆ ಕಪ್ಪ ಕೊಟ್ಟುಬಿಟ್ವು, ಹೊಸದಾಗಿ ಅಗೆಯೋಕೆ ಅವಕ್ಕೂ ಧೈರ್ಯ ಇಲ್ಲ.

ಕುಬ್ಜರು ದುರಾಸೆಯಿಂದ ಹಾಳಾದ್ರು ಅಂತ ಒಂದೇ ಮಾತಲ್ಲಿ ಹೇಳಿ ಮುಗಿಸೋರಿದ್ದಾರೆ, ನಾನು ಒಪ್ಪಲ್ಲ. ಯಾಕಂದ್ರೆ ಇದೇ ಲೋಹದ ಆಸೆಗೆ ಎರಡನೇ ಯುಗದಲ್ಲಿ ಎಲ್ಫ್‌ಗಳು ಬಂದು ಪಕ್ಕದ ಎರೆಗಿಯಾನ್‌ನಲ್ಲಿ ನೆಲೆ ನಿಂತ್ರು, ಒಬ್ಬರನ್ನೊಬ್ಬರು ನಂಬದ ಎರಡು ಜನಾಂಗ ಅಷ್ಟು ಹತ್ರ ಆಗಿದ್ದು ಬೇರೆಲ್ಲೂ ಇಲ್ಲ. ಸಾಕ್ಷಿ ಬೇಕಾ? ಮೋರಿಯಾದ ಪಶ್ಚಿಮ ಬಾಗಿಲು ನೋಡಿ.

(ಬಾಗಿಲಿನ ಚಿತ್ರ, ಗೆರೆಗಳು ನಿಧಾನಕ್ಕೆ ಬೆಳಗ್ತಾ ಬರಬೇಕು)

ಹಗಲು ಹೊತ್ತಲ್ಲಿ ಅದು ಬರೀ ಬಂಡೆ. ಅದರ ಮೇಲಿನ ಗೆರೆಗಳು ಇಥಿಲ್‌ದಿನ್ ಅನ್ನೋದ್ರಿಂದ ಬರೆದಿದ್ದು, ಅದನ್ನ ಎಲ್ಫ್‌ಗಳು ಮಿಥ್ರಿಲ್‌ನಿಂದಾನೇ ಮಾಡ್ತಿದ್ರು, ಚಂದ್ರನ ಬೆಳಕು ಅಥವಾ ನಕ್ಷತ್ರದ ಬೆಳಕು ಬಿದ್ರೆ ಮಾತ್ರ ಹೊಳೆಯತ್ತೆ, ಅದೂ ಗೊತ್ತಿರೋರು ಮುಟ್ಟಿ ಹಳೇ ಮಾತು ಹೇಳಿದ್ಮೇಲೆ. ಬಾಗಿಲು ಮಾಡಿದ್ದು ನಾರ್ವಿ ಅನ್ನೋ ಕುಬ್ಜ, ಚಿತ್ರ ಬರೆದಿದ್ದು ಕೆಲೆಬ್ರಿಂಬೋರ್ ಅನ್ನೋ ಎಲ್ಫ್, ಇಬ್ಬರ ಹೆಸರೂ ಒಂದೇ ಬಾಗಿಲ ಮೇಲೆ. ಪಾಸ್‌ವರ್ಡ್ ಏನ್ ಗೊತ್ತಾ? 'ಮೆಲ್ಲೊನ್', ಅಂದ್ರೆ ಗೆಳೆಯ. ಅಷ್ಟು ದೊಡ್ಡ ಸಂಪತ್ತು ಒಳಗಿದೆ, ಗೆಳೆಯ ಅಂದ್ರೆ ಸಾಕು, ಬಾಗಿಲು ತೆಗೆಯತ್ತೆ! ನನಗಂತೂ ಇಲ್ಲಿ ಪ್ರತಿ ಸಲ ಗಂಟಲು ಕಟ್ಟತ್ತೆ.

ಎಲ್ಫ್ ರಾಣಿ ಗಲಾಡ್ರಿಯೆಲ್ ಉಂಗುರ ನೆನ್ಯಾ ಮಿಥ್ರಿಲ್‌ದೇ, ಮನುಷ್ಯರ ರಾಜ್ಯ ಗೊಂಡೋರ್‌ನ ಕೋಟೆ ಕಾವಲುಗಾರರ ಶಿರಸ್ತ್ರಾಣನೂ ಮಿಥ್ರಿಲ್‌ದೇ. 2022ರ ಅಮೆಜಾನ್ ಸೀರೀಸ್‌ನಲ್ಲಿ ಇದಕ್ಕೊಂದು ದಿವ್ಯ ಬೆಳಕಿನ ಹುಟ್ಟುಕಥೆ ಸೇರಿಸಿದ್ರು, ಲಾರ್ಡ್ ಆಫ್ ದ ರಿಂಗ್ಸ್ ಪುಸ್ತಕದಲ್ಲಿ ಅದಿಲ್ಲ, ನನಗೆ ನೆಲದಿಂದ ಬೆವರು ಸುರಿಸಿ ತೆಗೆದ ಲೋಹನೇ ಸಾಕು.

ಮತ್ತೆ ಆ ಕವಚಕ್ಕೆ ಬರೋಣ. ಯಾವ್ದೋ ಕಾಲದಲ್ಲಿ ಒಬ್ಬ ಎಲ್ಫ್ ರಾಜಕುಮಾರನಿಗೆ, ಚಿಕ್ಕ ಹುಡುಗನಿಗೆ ಅಂತ ಮಾಡಿದ್ದು, ಕುಬ್ಜರ ರಾಜ ಥೋರಿನ್ ಅದನ್ನ ಬಿಲ್ಬೊಗೆ ಕೊಟ್ಟ. ಬಿಲ್ಬೊ ಅದನ್ನ ಊರಿನ ಮ್ಯಾಥಮ್ ಹೌಸ್‌ಗೆ ಕೊಟ್ಟಿಟ್ಟಿದ್ದ. ಮ್ಯಾಥಮ್ ಅಂದ್ರೆ ಉಪಯೋಗಕ್ಕೂ ಬರಲ್ಲ, ಬಿಸಾಕೋಕೂ ಮನಸ್ಸು ಬರಲ್ಲ ಅನ್ನೋ ವಸ್ತು, ನಮ್ಮ ಅಟ್ಟದ ಮೇಲಿನ ಸಾಮಾನು ಅನ್ಕೊಳ್ಳಿ. ಮೋರಿಯಾ ಕತ್ತಲಲ್ಲಿ ನಡೀತಾ ಮಾಂತ್ರಿಕ ಗ್ಯಾಂಡಾಲ್ಫ್ ಹೇಳ್ತಾನೆ, ಆ ಕವಚದ ಬೆಲೆ ಬಿಲ್ಬೊ, ಫ್ರೋಡೊ ಅವರ ನಾಡಾದ ಇಡೀ ಶೈರ್‌ಗಿಂತ, ಅಲ್ಲಿರೋ ಎಲ್ಲಾದಕ್ಕಿಂತ ಜಾಸ್ತಿ ಅಂತ. ಅದು ಇನ್ನೂ ಮ್ಯಾಥಮ್ ಹೌಸಲ್ಲೇ ಧೂಳು ತಿಂತಿದೆ ಅಂತ ಅವನ ಲೆಕ್ಕ, ಬಿಲ್ಬೊ ಅದನ್ನ ವಾಪಸ್ ತಗೊಂಡು ಫ್ರೋಡೊಗೆ ಕೊಟ್ಟಿರೋದು ಅವನಿಗೆ ಗೊತ್ತಿಲ್ಲ. ಫ್ರೋಡೊ ಬಾಯೇ ಬಿಡಲ್ಲ, ಸುಮ್ನೆ ಅಂಗಿಯೊಳಗೆ ಕೈ ಹಾಕಿ ಆ ಉಂಗುರಗಳನ್ನ ಒಂದ್ಸಲ ಮುಟ್ಟಿ ನೋಡ್ತಾನೆ.

ಯುದ್ಧ ಎಲ್ಲ ಮುಗಿದು, ಸೌರಾನ್‌ನ ಮಾಂತ್ರಿಕ ಉಂಗುರ ನಾಶ ಆಗಿ, ಅವನು ಶೈರ್‌ಗೆ ವಾಪಸ್ ಬರ್ತಾನೆ. ಅವನ ಮನೆ ಬ್ಯಾಗ್ ಎಂಡ್ ಬಾಗಿಲ ಹತ್ರಾನೇ ದಾರಿ ತಪ್ಪಿದ ಮಾಂತ್ರಿಕ ಸಾರುಮಾನ್ ಪಕ್ಕದಲ್ಲಿ ಹಾದು ಹೋಗ್ತಾ ಚಾಕು ತೆಗೆದು ತಿವೀತಾನೆ. ಒಳಗೆ ಆ ಕವಚ ಇತ್ತು. ಚಾಕು ಪಟ್ ಅಂತ ಮುರೀತು. ಫ್ರೋಡೊನ ಗೆಳೆಯ ಸ್ಯಾಮ್ ಕತ್ತಿ ಹಿರಿದ, ಫ್ರೋಡೊ ಅವನನ್ನ ತಡೆದು, ಕೊಲ್ಲಬೇಡ, ಬಿಟ್ಬಿಡು ಅಂದ.